ಆದರೆ ಎಂದಾಗ ಉಕ್ಕಿದ ಹಾಲು

ಮಕ್ಕಳೇ, ನಾನು ಮೈಕ್ ಹಿಡಿದು ನಿಂತ ವಿಡಿಯೊ ನಿಮ್ಮ ಫೋನಿಗೆ ಬಂದ ದಿನದಿಂದ "ಅಜ್ಜಿ, ಇದು ನೀನೇನಾ?" ಎಂದು ಕೇಳುತ್ತಲೇ ಇದ್ದೀರಿ. ಗ್ಯಾಸಿನವನು ಬಾಗಿಲಲ್ಲಿ ನಿಂತು ಹೆಸರು ಕೇಳಿದರೂ ಒಳಗೆ ಓಡಿಹೋಗುವ ಅಜ್ಜಿ, ತರೀಕೆರೆಯ ಕಾಲೇಜಿನಲ್ಲಿ ಅಷ್ಟು ಜನರ ಮುಂದೆ ಏನು ಮಾಡುತ್ತಿದ್ದಳು ಎಂಬುದು ನಿಮ್ಮ ಪ್ರಶ್ನೆ. ಬಾಯಲ್ಲಿ ಹೇಳಲು ಹೋದರೆ ನನಗೆ ಮಾತು ಹಿಂದುಮುಂದಾಗುತ್ತದೆ. ಊರ ಶಾಲೆಯಲ್ಲಿ ಏಳನೇ ಕ್ಲಾಸಿನವರೆಗೆ ಕಲಿತ ಅಕ್ಷರ ಇದೆಯಲ್ಲ, ಬರೆದೇ ಕೊಡುತ್ತೇನೆ. ಅವತ್ತು ನಿಮ್ಮ ತಾತನ ಮಾನ ಹೋಗುತ್ತಿತ್ತು. ಅದನ್ನು ಕಳೆಯುತ್ತಿದ್ದದ್ದು ನಾನೇ ಕಟ್ಟಿದ ಒಂದು ಪದ್ಯ. ಹಾಗಾಗಿ ಏಳಲೇಬೇಕಾಯಿತು.

ಮೊದಲು ನನ್ನ ತವರಿನ ಒಂದು ಪದ್ಧತಿ ಹೇಳಬೇಕು. ಹಿರೇನಲ್ಲೂರಿನ ಕಡೆ ಮದುವೆಯಲ್ಲಿ ಗಂಡಿನ ಕಡೆಯವರು ಊಟಕ್ಕೆ ಕುಳಿತಾಗ ನಮ್ಮ ಹೆಂಗಸರು ಬೀಗರ ಹಾಡು ಹೇಳುತ್ತಿದ್ದರು. ಬಂದವರನ್ನು ಚೆನ್ನಾಗಿ ಗೇಲಿ ಮಾಡುವುದೇ ಅದರ ಕೆಲಸ. ಹತ್ತು ವರ್ಷದವಳಿದ್ದಾಗಲೇ ನಾನು ಅಜ್ಜಿಯ ಸೆರಗಿನ ಹಿಂದೆ ಅಡಗಿ ಕುಳಿತು ಸಾಲು ಕಟ್ಟಿ ಅವಳ ಕಿವಿಯಲ್ಲಿ ಉಸುರುತ್ತಿದ್ದೆ. ಒಮ್ಮೆ, "ಕಪ್ಪು ಕನ್ನಡಕದ ದೊಡ್ಡಮ್ಮ ಉಂಡು ಎದ್ದರು, ಎಲೆಯೊಂದು ಮಿಕ್ಕಿತ್ತು, ಅದು ಹಸುವಿನ ಪುಣ್ಯ" ಎಂದು ಕಟ್ಟಿಕೊಟ್ಟೆ. ವರನ ದೊಡ್ಡಮ್ಮ ಕನ್ನಡಕ ತೆಗೆದು ಕೆಂಗಣ್ಣು ಬಿಟ್ಟಳು.

"ಯಾವಳೇ ಇದನ್ನ ಕಟ್ಟಿದ್ದು?"

"ಹಿಂದಿನೋರು ಕಟ್ಟಿದ್ದು ಕಣ್ರೀ, ನಾವೇನ್ ಮಾಡನ!" ಎಂದರು ಎಲ್ಲ ಹೆಂಗಸರೂ ಒಂದೇ ಬಾಯಲ್ಲಿ.

ಅವತ್ತು ಬೆಳಿಗ್ಗೆ ಬಸ್ಸಿಳಿದ ಕನ್ನಡಕ ಹಿಂದಿನವರಿಗೆ ಹೇಗೆ ಗೊತ್ತಾಯಿತು ಎಂದು ಯಾರೂ ಕೇಳಲಿಲ್ಲ. ಕೇಳಬಾರದು ಎಂಬುದೇ ಪದ್ಧತಿ. ಕಟ್ಟಿದವಳ ಹೆಸರು ಹೊರಬಿದ್ದರೆ, ನಾಳೆ ಅವಳು ಅದೇ ಮನೆಗೆ ಸೊಸೆಯಾಗಿ ಹೋಗಬೇಕಾಗಿ ಬಂದರೆ ಗತಿಯೇನು? "ಯಾರು ಕೇಳಿದ್ರೂ ಹಿಂದಿನೋರು ಅನ್ನು ಕಣೇ" ಎಂದು ಅಜ್ಜಿ ಕಲಿಸಿದಳು. ಅ ಆ ಇ ಈ ಮರೆತರೂ ಈ ಪಾಠವನ್ನು ನಾನು ಮರೆಯಲಿಲ್ಲ.

ಮದುವೆಯಾಗಿ ಯಗಟಿಗೆ ಬಂದೆ. ನಿಮ್ಮ ತಾತನದು ಹಿಟ್ಟಿನ ಗಿರಣಿ. ನೀವು ನೋಡುವ ಹೊತ್ತಿಗೆ ಅದು ಬಾಗಿಲು ಹಾಕಿತ್ತು. ಬೆಲ್ಟು ಓಡಲು ಶುರುವಾದರೆ ಪಕ್ಕದಲ್ಲಿ ನಿಂತವರ ಮಾತೂ ಕೇಳಿಸುವುದಿಲ್ಲ. ನಾಚಿಕೆಯವಳಾದ ನನಗೆ ಅದಕ್ಕಿಂತ ಒಳ್ಳೆಯ ಜಾಗ ಸಿಗುವುದುಂಟೆ? ರಾಗಿ ಸುರಿಯುತ್ತ, ಮನಸ್ಸಿಗೆ ಬಂದದ್ದನ್ನೆಲ್ಲ ಗಟ್ಟಿಯಾಗಿಯೇ ಹೇಳಿಕೊಳ್ಳುತ್ತಿದ್ದೆ. ಆ ಸದ್ದಿನಲ್ಲಿ ರಾಗ ನಿಲ್ಲುವುದಿಲ್ಲ, ತಾಳವೂ ನಿಲ್ಲುವುದಿಲ್ಲ. ಹಾಗಾಗಿ ಮಾತಿನ ಹಾಗೆಯೇ ಕಟ್ಟುತ್ತಿದ್ದೆ. ತುಟಿ ಅಲ್ಲಾಡುವುದನ್ನು ನೋಡಿದ ಊರಿನವರು, "ಗಿರಣಿಯವರ ಹೆಂಡ್ತಿ ಎಷ್ಟು ದೈವಭಕ್ತೆ ನೋಡು, ಕೆಲಸ ಮಾಡ್ತಾನೂ ಶಿವನಾಮ ಬಿಡಲ್ಲ" ಎನ್ನುತ್ತಿದ್ದರು. ನಿಮ್ಮ ತಾತನೂ ಹಾಗೇ ನಂಬಿದ್ದರು. ಶಿವನ ಬದಲು ಅಲ್ಲಿ ಅವರೇ ಬರುತ್ತಿದ್ದರು ಎಂದು ಅವರಿಗೆ ಕೊನೆಯವರೆಗೂ ಗೊತ್ತಾಗಲಿಲ್ಲ.

ಅವರು ಹೋದ ನಾಲ್ಕು ವರ್ಷಕ್ಕೆ ಒಂದು ಬೆಳಿಗ್ಗೆ ತರೀಕೆರೆಯಿಂದ ಒಬ್ಬ ಹುಡುಗಿ ಬಂದಳು. ಕಾಲೇಜಿನಲ್ಲಿ ಪಾಠ ಹೇಳುವವಳು, ಹೆಂಗಸರು ಬರೆದ ಹೊಸಗಾಲದ ಕವಿತೆಯ ಮೇಲೆ ಪಿಎಚ್‌ಡಿ ಮಾಡುತ್ತಿದ್ದಳು. ಪೇಟೆಯಲ್ಲಿ ಪುಸ್ತಕ ಅಚ್ಚು ಹಾಕಿಸಿದವರ ಚರಿತ್ರೆಯನ್ನು ಎಲ್ಲರೂ ಬರೆದಿದ್ದಾರೆ, ಅಚ್ಚಿಗೇ ಹೋಗದವರನ್ನು ಹುಡುಕುತ್ತಿದ್ದೇನೆ ಎಂದಳು. ಅವಳು ಫೋನಿನಲ್ಲಿ ರೆಕಾರ್ಡಿಂಗ್ ಹಚ್ಚಿ ಪಕ್ಕಕ್ಕಿಟ್ಟಳು. ಒಲೆಯ ಮೇಲೆ ಕಾಫಿಗೆ ಹಾಲಿಟ್ಟು, ಎರಡು ಸೋಬಾನೆ ಹೇಳಿದೆ. ಅವೆರಡೂ ಅವಳಿಗೆ ಆಗಲೇ ಹತ್ತು ಊರಿನಲ್ಲಿ ಸಿಕ್ಕಿದ್ದವಂತೆ. ಪಾಪ, ಬ್ಯಾಗಿನ ಜಿಪ್ಪು ಎಳೆಯುತ್ತ ಕೇಳಿದಳು.

"ಬೇರೆ ಏನೂ ಇಲ್ವಾ ಅಮ್ಮಾ? ಹೆಂಗಸರು ತಮಗೆ ತಾವೇ ಹೇಳ್ಕೊಳ್ಳೋ ಅಂಥದ್ದು?"

ಬಿಸಿಲಲ್ಲಿ ಎರಡು ಬಸ್ಸು ಬದಲಿಸಿ ಬಂದವಳು ಬರಿಗೈಯಲ್ಲಿ ಹೋಗುತ್ತಾಳಲ್ಲ ಎಂದು ಕನಿಕರವಾಯಿತು. ಅವಳಿಗೆ ಬೆನ್ನು ಮಾಡಿ, ಒಲೆಯ ಕಡೆ ಮುಖ ಮಾಡಿಕೊಂಡು ಹೇಳಿದೆ:

ಗಿರಣಿ ತಿರುಗುತ್ತದೆ, ನಾನು ನಿಂತಿದ್ದೇನೆ.
ಊರ ರಾಗಿಯೆಲ್ಲ ನನ್ನ ಕಣ್ಣೆದುರೇ ಪುಡಿ.
ಹುಬ್ಬು ನರೆಯಿತು, ರೆಪ್ಪೆ ನರೆಯಿತು,
ಮಧ್ಯಾಹ್ನದೊಳಗೆ ಮುದುಕಿ.
ಮುಖ ತೊಳೆದರೆ ಮತ್ತೆ ಹುಡುಗಿ.
ಆದರೆ…

ಅಷ್ಟರಲ್ಲಿ ಹಾಲು ಉಕ್ಕಿತು. ಇಕ್ಕಳ ಕೈಗೆ ಸಿಗಲಿಲ್ಲ, ಸೆರಗಿನಲ್ಲೇ ಹಿಡಿದು ಇಳಿಸಿದೆ. ತಿರುಗಿ ನೋಡಿದರೆ ಹುಡುಗಿಯ ಕಣ್ಣಲ್ಲಿ ನೀರು.

"ಮುಂದೆ?" ಎಂದಳು.

ಮುಂದಿನ ಸಾಲು ನಿಮ್ಮ ತಾತ ಸ್ನಾನದ ಮನೆಯಲ್ಲಿರುವ ವಿಚಾರ. ಅದನ್ನು ಪರರ ಮನೆಯ ಹುಡುಗಿಯ ಮುಂದೆ ಹೇಗೆ ಹೇಳಲಿ? "ಅಷ್ಟೇ ಕಣಮ್ಮ" ಎಂದೆ.

"ಯಾರು ಕಟ್ಟಿದ್ದು ಇದು?"

"ಹಿಂದಿನೋರು" ಎಂದಿತು ನನ್ನ ಬಾಯಿ, ನನ್ನನ್ನು ಕೇಳದೆಯೇ.

"ಪದ್ಯದಲ್ಲಿ ಕರೆಂಟ್ ಗಿರಣಿ ಇದೆಯಲ್ಲಮ್ಮಾ, ಅಷ್ಟೇನೂ ಹಿಂದಿನೋರಲ್ಲ. ಯಾವ ಊರಿನೋರು?"

ನಮ್ಮೂರಿನವರು ಎಂದರೆ ಇವಳು ಹುಡುಕಿಯೇ ಬಿಡುತ್ತಾಳೆ. "ಚೌಳಹಿರಿಯೂರು ಕಡೆಯೋರು ಯಾರೋ… ಈಗಿಲ್ಲ" ಎಂದುಬಿಟ್ಟೆ. ಕಡೂರಿನ ಬಸ್ಸು ಹಾರನ್ ಹೊಡೆಯಿತು. ಅವಳು ಕಾಫಿಯನ್ನೂ ಪೂರ್ತಿ ಕುಡಿಯದೆ ಓಡಿದಳು. ಆ ಹುಡುಗಿ ಚೌಳಹಿರಿಯೂರಿನ ಸುತ್ತ ಮನೆಮನೆ ತಿರುಗಿ, ಇಲ್ಲದ ಕವಯಿತ್ರಿಯನ್ನು ಹುಡುಕಿದಳು ಎಂದು ನನಗೆ ಆಮೇಲೆ ಗೊತ್ತಾಯಿತು. ನಾನು ಕೊಟ್ಟ ಕಾಟ ಸಣ್ಣದಲ್ಲ.

ಇನ್ನೊಮ್ಮೆ ಬಂದಾಗ ಹೆಂಗಸರ ಕವಿತೆಗಳ ದಪ್ಪ ಪುಸ್ತಕವೊಂದನ್ನು ಕೊಟ್ಟುಹೋದಳು. ಮೊದಮೊದಲು ಬರೆದ ಕೆಲವರು ತಮ್ಮ ಹೆಸರನ್ನೇ ಹಾಕುತ್ತಿರಲಿಲ್ಲವಂತೆ. ಮನೆದೇವರ ಹೆಸರಿನಲ್ಲೋ, "ಒಬ್ಬ ಸೋದರಿ" ಎಂದೋ ಅಚ್ಚು ಹಾಕಿಸುತ್ತಿದ್ದರಂತೆ. ಅಂದರೆ ಓದಿದವರ ಮನೆಯಲ್ಲೂ ಹಿಂದಿನೋರೇ ಕಟ್ಟುತ್ತಿದ್ದರು ಎಂದುಕೊಂಡು ನಕ್ಕೆ. ಕೊನೆಕೊನೆಯ ಪುಟಗಳಲ್ಲಿ ಒಬ್ಬಳು ಒಗೆದ ಬಟ್ಟೆಯ ಬಗ್ಗೆ ಬರೆದಿದ್ದಳು, ಒಬ್ಬಳು ತನ್ನ ಹೊಟ್ಟೆಯ ಬಗ್ಗೆಯೇ ಬರೆದಿದ್ದಳು. ಆ ಎರಡನೆಯದನ್ನು ಓದುವಾಗ ಎದ್ದು ಬಾಗಿಲು ಹಾಕಿಕೊಂಡೆ. ಮಾರನೆಯ ದಿನ ಮತ್ತೆ ಬಾಗಿಲು ಹಾಕಿಕೊಂಡು ಅದನ್ನೇ ಓದಿದೆ.

ಈ ವರ್ಷ ಅವಳಿಂದ ಕರೆ ಬಂತು. ಕಾಲೇಜಿನಲ್ಲಿ ವಿಚಾರ ಸಂಕಿರಣ, ಹಾಡು ಕೊಟ್ಟ ಹೆಂಗಸರೆಲ್ಲ ಬರಬೇಕು ಎಂದು. ನಾನು ಮಂಡಿನೋವು ಎಂದೆ. ಆದರೆ ಅಜ್ಜಂಪುರದ ನಿಮ್ಮ ಅಜ್ಜಿಗೆ, ಅಂದರೆ ನನ್ನ ನಾದಿನಿಗೆ, ಅದು ಹೇಗೋ ಕಿವಿಗೆ ಬಿತ್ತು.

"ಮಂಡಿನೋವಾದ್ರೇನು, ಕೂರಕ್ಕೆ ತಾನೇ ಹೋಗೋದು ಅತ್ಗೆ? ನಿಂತ್ಕೊಳ್ಳೋಕ್ಕೇನು ಕರೆದಿದ್ದಾರಾ? ಊಟಾನೂ ಹಾಕ್ತಾರಂತೆ. ನಾನು ಇತ್ಲಾಗಿಂದ ಬತ್ತೀನಿ, ನೀನು ಅತ್ಲಾಗಿಂದ ಬಂದ್ಬಿಡು" ಎಂದಳು.

ಕಡೂರಿನಲ್ಲಿ ಬಸ್ಸು ಬದಲಿಸಿ ತರೀಕೆರೆಗೆ ಹೋದೆ. ಮೂರನೇ ಸಾಲಿನಲ್ಲಿ ಇಬ್ಬರೂ ಕುಳಿತೆವು. ವೇದಿಕೆಯ ಮೇಲೆ ಹುಡುಗಿಗೆ ಮಾರ್ಗದರ್ಶನ ಮಾಡುವ ಮೇಷ್ಟ್ರು ಕುಳಿತಿದ್ದರು, ವಯಸ್ಸಾದವರು. ದೀಪ ಆರಿಸಿದರು. ಗೋಡೆಯ ಮೇಲೆ ಎಮ್ಮೆಯ ಗಾತ್ರದ ಅಕ್ಷರದಲ್ಲಿ ನನ್ನ ಪದ್ಯ ಬಂತು. ಕೆಳಗೆ, "ಚೌಳಹಿರಿಯೂರು ಕಡೆಯ ಅಜ್ಞಾತ ಕವಯಿತ್ರಿ."

ನನ್ನ ಎದೆಯಲ್ಲಿ ಗಿರಣಿ ಶುರುವಾಯಿತು.

ಹುಡುಗಿ ಬಹಳ ಚೆನ್ನಾಗಿ ಮಾತಾಡಿದಳು. ಇದರಲ್ಲಿ ಪ್ರಾಸ ಇಲ್ಲ, ತಾಳ ಇಲ್ಲ, ಅದು ಬಂಡಾಯ ಎಂದಳು. ಬೆಲ್ಟಿನ ಸದ್ದು ಎಂದು ನಾನು ಮನಸ್ಸಿನಲ್ಲೇ ಅಂದುಕೊಂಡೆ. "ಗಿರಣಿಯೇ ಇಲ್ಲಿ ದಾಂಪತ್ಯ. ಪುಡಿಯಾಗುತ್ತಿರುವ ರಾಗಿ ಈ ಹೆಣ್ಣು. ಗಂಡ ಕವಿತೆಯಲ್ಲಿ ಎಲ್ಲೂ ಕಾಣುವುದಿಲ್ಲ, ಆದರೆ ಅವನ ಕ್ರೌರ್ಯ ಕಾಣುತ್ತದೆ. ಅವಳು ನಿಂತೇ ಇದ್ದಾಳೆ, ಕುಳಿತುಕೋ ಎಂದು ಹೇಳುವವರಿಲ್ಲ. ಕೊನೆಗೆ ಅವಳು 'ಆದರೆ' ಎನ್ನುತ್ತಾಳೆ. ಅಲ್ಲಿಗೆ ಕವಿತೆ ನಿಲ್ಲುತ್ತದೆ. ಅವಳ ಬಾಯಿಗೆ ಒಂದು ಕೈ ಅಡ್ಡ ಬಂದಿದೆ. ಆ ಕೈ ಯಾರದು?"

"ಇನ್ಯಾರ್ದು, ಆ ಹಾಳಾದೋನ್ದೇ!" ಎಂದು ನನ್ನ ನಾದಿನಿ ಪಿಸುಗುಟ್ಟಿದಳು. ಅವಳ ಪಿಸುಮಾತು ಮುಂದಿನ ಎರಡು ಸಾಲಿಗೆ ಕೇಳುತ್ತದೆ. "ಪಾಪ ಅತ್ಗೆ, ಅದೆಂಥ ರಾಕ್ಷಸನ ಕೈಗೆ ಸಿಕ್ಕಿದ್ಲೋ ಆ ಹೆಂಗ್ಸು. ಚೌಳಹಿರಿಯೂರ್ ಕಡೆ ಒಬ್ಬ ಗಿರಣಿಯೋನಿದ್ದ ಕಣೇ, ಗುಡ್ಡೆಗಣ್ಣಿನೋನು. ಅವನೇ ಇರ್ಬೇಕು. ಅವನ ಮುಖ ನೋಡಿದಾಗ್ಲೇ ನಂಗೆ ಅನುಮಾನ ಇತ್ತು. ಅಂಥೋನಿಗೆ ಅನ್ನ ಹಾಕ್ಬಾರ್ದು!"

"ಸುಮ್ನಿರೇ" ಎಂದೆ.

"ಯಾಕ್ ಸುಮ್ನಿರ್ಲಿ? ನಮ್ಮಣ್ಣನೂ ಗಿರಣಿ ಇಟ್ಟಿರ್ಲಿಲ್ವಾ? ಒಂದ್ ದಿನ ನಿನ್ನ ಗದರಿದ್ದುಂಟಾ?"

ವೇದಿಕೆಯ ಮೇಲೆ ಮೇಷ್ಟ್ರು ಎದ್ದು, "ಈ ಕ್ರೂರ ಗಂಡನನ್ನು ನಮ್ಮ ಮಹಿಳಾ ಕಾವ್ಯದ ಚರಿತ್ರೆ ಮರೆಯಬಾರದು" ಎಂದರು. ಜನ ಚಪ್ಪಾಳೆ ತಟ್ಟಿದರು. ಎಲ್ಲರಿಗಿಂತ ಜೋರಾಗಿ ತಟ್ಟಿದವಳು ಆ ಗಂಡನ ಒಡಹುಟ್ಟಿದ ತಂಗಿ.

ನನ್ನ ಹೆಸರು ಇಲ್ಲದಿದ್ದರೆ ನನಗೇನೂ ಬೇಜಾರಿರಲಿಲ್ಲ. ಪದ್ಯವನ್ನು ಚೌಳಹಿರಿಯೂರಿನವರೇ ಇಟ್ಟುಕೊಳ್ಳಲಿ. ಆದರೆ ನಲವತ್ತು ವರ್ಷ ನನ್ನ ಮೇಲೆ ಕೈಯೆತ್ತದ, ಒಂದು ಇರುವೆಯನ್ನೂ ಊದಿ ಪಕ್ಕಕ್ಕೆ ಕಳಿಸುತ್ತಿದ್ದ ಮನುಷ್ಯ ಇನ್ನು ಮುಂದೆ ಪುಸ್ತಕದಲ್ಲಿ ರಾಕ್ಷಸನಾಗಿ ಉಳಿಯುತ್ತಾರಲ್ಲ! ಅವರಿಗೆ ಎದ್ದು ಬಂದು ಇಲ್ಲ ಎನ್ನಲು ಆಗುವುದಿಲ್ಲ. ಅದಕ್ಕೆ ನಾನೊಬ್ಬಳೇ ಸಾಕ್ಷಿ. ಇತ್ತ ನಾನು ಬಾಯಿ ಬಿಟ್ಟರೆ ಹುಡುಗಿಯ ಪಿಎಚ್‌ಡಿ ಏನಾಗುತ್ತದೋ.

ಎದ್ದದ್ದು ನನಗೆ ನೆನಪಿಲ್ಲ. ನಾದಿನಿ ನನ್ನ ಸೆರಗು ಜಗ್ಗಿ, "ಊಟ ಇನ್ನೂ ಆಗಿಲ್ಲ, ಕೂತ್ಕೋ" ಎಂದದ್ದು ನೆನಪಿದೆ. ಯಾರೋ ಮೈಕ್ ಕೈಗೆ ಕೊಟ್ಟರು.

"ಆ ಕೈ ಯಾರದೂ ಅಲ್ಲಮ್ಮ" ಎಂದೆ. "ಹಾಲು ಉಕ್ಕಿತು."

ಹುಡುಗಿ ಕಣ್ಣು ಪಿಳುಕಿಸಿದಳು. "ಯಾವ ಹಾಲು ಅಮ್ಮಾ?"

"ನಿಂಗೆ ಕಾಫಿಗೆ ಅಂತ ಇಟ್ಟಿದ್ನಲ್ಲ, ಅದು. ಪದ್ಯ ಇನ್ನೂ ಇದೆ." ಗೋಡೆಯ ಕಡೆ ತಿರುಗಿ, ಎಲ್ಲರಿಗೂ ಬೆನ್ನು ಮಾಡಿ, ಉಳಿದದ್ದನ್ನು ಹೇಳಿದೆ. ನೀವು ವಿಡಿಯೊದಲ್ಲಿ ನನ್ನ ಬೆನ್ನು ಮಾತ್ರ ನೋಡಿದ್ದು ಅದಕ್ಕೇ.

ಆದರೆ ಬಚ್ಚಲಿಗೆ ಹೋದರೆ ಅಲ್ಲಿ ಅವನು,
ಹಿಟ್ಟಿನ ಮೀಸೆಯ ನನ್ನ ಮುದುಕ.
ಹಂಡೆಯ ನೀರೆಲ್ಲ ತಾನೇ ಸುರಿದುಕೊಂಡು
ಹುಡುಗನಾಗಿ ಈಚೆ ಬಂದ.
ನನಗುಳಿದದ್ದು ಒಂದು ಚೊಂಬು.
ಒಂದು ಕೆನ್ನೆ ತೊಳೆದೆ.
ಇನ್ನೊಂದನ್ನು ಅವನು ಟವೆಲಿನಲ್ಲಿ ಒರೆಸಿದ.

ಮೊದಲು ಹಿಂದಿನ ಬೆಂಚಿನ ಹುಡುಗಿಯರು ನಕ್ಕರು ನೋಡಿ, ಮೇಷ್ಟ್ರೂ ನಕ್ಕುಬಿಟ್ಟರು. ಧೈರ್ಯ ಬಂತು. "ಒಂದು ಮಾತು ಈ ಹುಡುಗಿ ಸರಿಯಾಗೇ ಹೇಳಿದ್ಲು. ಗಿರಣಿಲಿ ಸ್ಟೂಲು ಒಂದೇ ಇತ್ತು. ಅದ್ರ ಮೇಲೆ ಅವ್ರೇ ಕೂರ್ತಿದ್ರು. ಇನ್ನೊಂದ್ ತನ್ನಿ ಅಂತ ನಾನೂ ಕೇಳ್ಲಿಲ್ಲ, ಅವ್ರಿಗೂ ಹೊಳೀಲಿಲ್ಲ. ಅದನ್ನ ಬರ್ಕೊಳಮ್ಮ. ರಾಕ್ಷಸ ಅನ್ನೋದನ್ನ ಹೊಡ್ದಾಕು" ಎಂದೆ.

ಕುಳಿತಾಗ ನಾದಿನಿಯ ಬಾಯಿ ತೆರೆದೇ ಇತ್ತು.

"ಅತ್ಗೆ… ಅಂದ್ರೆ ನಾನು ಇಷ್ಟೊತ್ತು ಹಾಳಾದೋನು ಅಂತ ಬೈದಿದ್ದು ನಮ್ಮಣ್ಣನ್ನಾ?"

"ಹೂಂ ಕಣೇ."

"ಥೂ ನಿನ್ನ! ಮೊದ್ಲೇ ಹೇಳಕ್ಕೇನಾಗಿತ್ತು?" ಸೆರಗಿನಿಂದ ಕಣ್ಣೊರೆಸಿಕೊಂಡಳು. ಸ್ವಲ್ಪ ಹೊತ್ತು ಬಿಟ್ಟು, "ಆದ್ರೂ ಗಂಡನ್ನ ಅಷ್ಟು ಜನದ ಮುಂದೆ ಅವನು ಅಂದ್ಯಲ್ಲ" ಎಂದಳು. ಇನ್ನೂ ಸ್ವಲ್ಪ ಹೊತ್ತು ಬಿಟ್ಟು, "ನೀರು ಖಾಲಿ ಮಾಡೋದು ನಿಜ ಬಿಡು. ಮದುವೆಗೆ ಮುಂಚೆ ನಂಗೂ ಒಂದೇ ಚೊಂಬು ಉಳಿಸ್ತಿದ್ದ" ಎಂದಳು.

ಹುಡುಗಿ ವೇದಿಕೆಯಿಂದ ಇಳಿದು ಬಂದಳು. ಬೈಯುತ್ತಾಳೆ ಎಂದುಕೊಂಡೆ. ಅವಳು ನನ್ನ ಪಕ್ಕದಲ್ಲಿ ನೆಲದ ಮೇಲೇ ಕುಳಿತು ಪೆನ್ನು ತೆಗೆದಳು.

"ಚೌಳಹಿರಿಯೂರಲ್ಲಿ ಎಷ್ಟು ಮನೆ ಹತ್ತಿ ಇಳಿದೆ ಗೊತ್ತಾ ಅಮ್ಮಾ? ಇವಾಗಾದ್ರೂ ಹೇಳಿ. ಯಾರು ಕಟ್ಟಿದ್ದು?"

"ಹಿಂ…" ಎಂದಿತು ನನ್ನ ಬಾಯಿ. ನಾದಿನಿ ನನ್ನ ತೊಡೆ ಚಿವುಟಿದಳು. ಅಜ್ಜಿಯ ಪಾಠ ಅಲ್ಲಿಗೆ ಮುಗಿಯಿತು. ನನ್ನ ಹೆಸರು ಹೇಳಿದೆ. ಅವಳು ಬರೆದುಕೊಂಡು, ಸರಿಯಾಗಿದೆಯೇ ಎಂದು ನನಗೆ ತೋರಿಸಿದಳು.

ಹೋದ ತಿಂಗಳು ಅವಳ ಪ್ರಬಂಧದ ಪ್ರತಿ ಮನೆಗೆ ಬಂತು. ದಪ್ಪ ರಟ್ಟು, ಇಟ್ಟಿಗೆಯ ತೂಕ. ನನ್ನ ಪದ್ಯದ ಅಧ್ಯಾಯ ಉಳಿದುಕೊಂಡಿದೆ, ಸ್ಟೂಲಿನ ಬಗ್ಗೆ ಎರಡು ಪುಟ ಬರೆದಿದ್ದಾಳೆ. "ಆದರೆ" ಎಂಬ ಪದದ ತಲೆಯ ಮೇಲೆ ಒಂದು ಸಣ್ಣ ಅಂಕಿ ಇದೆ. ಅದೇ ಅಂಕಿಯನ್ನು ಪುಟದ ಬುಡದಲ್ಲಿ ಹುಡುಕಿದರೆ ಹೀಗಿದೆ: "ಮೊದಲ ಧ್ವನಿಮುದ್ರಣ ಇಲ್ಲಿ ನಿಲ್ಲುತ್ತದೆ. ಕಾರಣ: ಹಾಲು."

ನಾದಿನಿ ಅಜ್ಜಂಪುರದಿಂದ ಫೋನ್ ಮಾಡಿ ಆ ಸಾಲನ್ನು ನನ್ನಿಂದ ಮೂರು ಸಲ ಓದಿಸಿಕೊಂಡಳು. ಆಮೇಲೆ, "ನನ್ನ ಮೇಲೂ ಒಂದು ಕಟ್ಟು ಅತ್ಗೆ. ಒಲೆ ಆರಿಸ್ಬಿಟ್ಟು ಕಟ್ಟು" ಎಂದಳು. ಕಟ್ಟುತ್ತಿದ್ದೇನೆ. ಅವಳ ಪಿಸುಮಾತಿನಿಂದ ಶುರುವಾಗುತ್ತದೆ. ಅದರ ಕೆಳಗೆ ನನ್ನ ಹೆಸರನ್ನು ಮೊದಲೇ ಬರೆದಿಟ್ಟಿದ್ದೇನೆ.