ಪತ್ರದ ಬಾಲಕ್ಕೆ ಅಂಟಿದ ಆಮಂತ್ರಣ

ಕಳೆದ ಬೇಸಿಗೆಯಲ್ಲಿ ನಾನು ಬ್ಯಾಡಗಿಗೆ ಹೋಗಿದ್ದೆನೋ ಇಲ್ಲವೋ, ಖಚಿತವಾಗಿ ಹೇಳಲಾರೆ. ಗೆಳೆಯ ಖಾದರನ ತಾಯಿ ತೀರಿಕೊಂಡಾಗ ಹೋಗಿ ಮಾತಾಡಿಸಿ ಬಂದೆನೆಂದೇ ನನ್ನ ನೆನಪು. ಪೇಟೆಯ ಮೆಣಸಿನಕಾಯಿ ಘಾಟಿಗೆ ಸೀನಿದ್ದು, ಅವನ ಪಡಸಾಲೆಯ ಬೆತ್ತದ ಕುರ್ಚಿಯಲ್ಲಿ ಕುಳಿತದ್ದು, ಎಲ್ಲವೂ ಕಣ್ಣ ಮುಂದಿದೆ. ಆದರೆ ತರ್ಕಶಾಸ್ತ್ರ ಓದಿ ಕೆಟ್ಟವನಿಗೆ ಅತಿ ಸ್ಪಷ್ಟವಾದ ನೆನಪೇ ಅನುಮಾನಾಸ್ಪದ. ಆ ಪೇಟೆಯಲ್ಲಿ ನಾನು ಹೋದಾಗಲೆಲ್ಲ ಸೀನಿದ್ದೇನೆ. ಅಂದಿನಿಂದ ಖಾದರ ನನ್ನ ಫೋನು ಎತ್ತುತ್ತಿಲ್ಲ ಎಂಬುದು ಮಾತ್ರ ನಿಸ್ಸಂಶಯ.

ಕಾರಣ ಸಿಕ್ಕಿತೆಂದು ಹಿಗ್ಗಿದ್ದು ಹೋದ ವಾರ. ರಾಣೆಬೆನ್ನೂರಿನ ಪ್ರಾಚಾರ್ಯರೊಬ್ಬರಿಗೆ, ಉಪನ್ಯಾಸಕ್ಕೆ ಬರಲಾಗದೆಂದು ಇಮೇಲ್ ಬರೆದಿದ್ದೆ. ಅವರು ಫೋನು ಮಾಡಿ, "ಸರ್, ಪತ್ರದಾಗ ಮ್ಯಾಲ ಬರಾಂಗಿಲ್ಲ ಅಂತೀರಿ, ಕೆಳಗ ಸಕುಟುಂಬ ಬರ್ರಿ ಅಂತ ಕರದೀರಿ. ನಾವೇ ನಿಮ್ಮೂರು ಹಾವೇರಿಗೆ ಬಂದು ಭಾಷಣಾ ಕೇಳಬೇಕೇನ್ರಿ?" ಎಂದರು.

ಮಗಳ ಮದುವೆಗೆಂದು ಇಮೇಲಿಗೆ ಒಂದು ಆಡ್-ಆನ್ ಜೋಡಿಸಿದ್ದೆ. ಕಳಿಸುವ ಪತ್ರಗಳ ಅಡಿಯಲ್ಲಿ, "ಇದನ್ನೇ ಖುದ್ದು ಬಂದು ಕರೆದಂತೆ ಭಾವಿಸಿ ಸಕುಟುಂಬ ಆಗಮಿಸಿರಿ" ಎಂದು ತಾನೇ ಬರೆಯುವ ಉಪಕರಣ ಅದು. ಮೊಮ್ಮಗಳು ಶಾಲೆಗೆ ಹೋಗುತ್ತಿದ್ದಾಳೆ, ಮದುವೆಯ ಹಂದರವನ್ನು ನಾನಿನ್ನೂ ಬಿಚ್ಚಿಲ್ಲ. ನನ್ನ ರಜೆ ಅರ್ಜಿಗೂ ದೂರಿಗೂ ಈ ಬಾಲ ಅಂಟಿದ್ದನ್ನು ಎಷ್ಟು ಸಭ್ಯರು ಓದಿ ಸುಮ್ಮನಿದ್ದರೋ. ತಾಯಿ ತೀರಿಕೊಂಡಾಗ ಖಾದರನಿಗೆ ಇಮೇಲಿನಲ್ಲಿ ಬರೆದ ಸಾಂತ್ವನದ ಪತ್ರಕ್ಕೂ ಅಂಟಿರಬೇಕು! ಸಾವಿನ ಮನೆಯವನನ್ನು ಸಕುಟುಂಬ ಕರೆದವನ ಫೋನು ಯಾರು ಎತ್ತುತ್ತಾರೆ?

ಕಿತ್ತೊಗೆಯಲು ಕುಳಿತೆ. ಮೊಬೈಲಿನಲ್ಲಿ ತೆಗೆಯುವ ಗುಂಡಿಯೇ ಇಲ್ಲ, ಕಂಪ್ಯೂಟರಿನಲ್ಲಿ ಇದೆ, ಒತ್ತಿದರೆ "ಯಾಕೆ ಬಿಡುತ್ತಿದ್ದೀರಿ?" ಎಂಬ ವಿಚಾರಣೆ. ಉತ್ತರಿಸಿದರೆ, ತಯಾರಕರ ಪುಟ ಈಗ ಅಸ್ತಿತ್ವದಲ್ಲಿಲ್ಲವೆಂಬ ಸಂದೇಶ. ಹೇಗೋ ತೆಗೆದ ಮೇಲೆ ತಿಳಿಯಿತು, ಖಾತೆಯನ್ನು ಬಳಸಲು ನಾನೇ ಕೊಟ್ಟ ಅನುಮತಿಯನ್ನು ಬೇರೊಂದು ಮೂಲೆಗೆ ಹೋಗಿ ಬೇರೆಯಾಗಿ ಹಿಂಪಡೆಯಬೇಕು. ಮೂರು ಮುಂಜಾವು ಇದರಲ್ಲೇ ಹೋದವು. ಹೆಂಡತಿ ನೋಡುವಷ್ಟು ನೋಡಿ, "ರೀ, ಅದರ ಜೋಡಿ ಗುದ್ದಾಡೂದು ಸಾಕು. ಬಸ್ ಹತ್ತಿ ಬ್ಯಾಡಗಿಗೆ ಹೋಗ್ರಿ" ಎಂದಳು.

ಹೋದೆ. ಖಾದರ ಬಾಗಿಲಲ್ಲೇ ನಿಂತು ನನ್ನ ತಾಂತ್ರಿಕ ವಿವರಣೆಯನ್ನೆಲ್ಲ ಕೇಳಿದ.

"ಆ ಸಾಲು ನಾ ನೋಡೇ ಇಲ್ಲಪಾ," ಎಂದ. "ಅಷ್ಟು ತಳಮಟಾ ಯಾರು ಓದತಾರ? ಅರ್ಧಾ ತಾಸಿನ ದಾರಿ. ನಲವತ್ತು ದಿನಾ ಬಾಗಲಾ ತೆರದ ಇಟ್ಟಿದ್ದೆ. ನೀ ಬರಲಿಲ್ಲ."

"ಬಂದಿದ್ದೆನಲ್ಲೋ. ಅದೇ ಬೆತ್ತದ ಕುರ್ಚಿ ಮ್ಯಾಲ ಕುಂತಿದ್ದೆ."

"ಖರೇನು? ಆವಾಗ ಕುರ್ಚಿ ಎಲ್ಲಾ ತಗದು ಜಮಖಾನಿ ಹಾಸಿದ್ವಿ. ನೀ ಯಾರ ಮನ್ಯಾಗ ಕುಂತು ಬಂದಿ?"

ಖಾದರ ಬಾಗಿಲಿನಿಂದ ಸರಿದು, "ಈಗರೆ ಬಂದೀಯಲ್ಲ, ಕುಂದ್ರು ಬಾ. ಅವ್ವ ಕಡೀತನಾ ನಿನ್ನ ಕೇಳತಿದ್ಲು" ಎಂದ.

ಹಾವೇರಿಗೆ ಮರಳಿ, ಕಳಿಸಿದ ಪತ್ರಗಳಲ್ಲಿ ಖಾದರನಿಗೆ ಬರೆದದ್ದನ್ನು ಹುಡುಕಿ ತೆರೆದೆ. ಉಪಕರಣದ ಸಾಲು ತಳದಲ್ಲಿ ಇದ್ದೇ ಇತ್ತು. ಅದರ ಮೇಲೆ ನಾನೇ ಟೈಪು ಮಾಡಿದ ಪತ್ರ ಹೀಗೆ ಮುಗಿದಿತ್ತು: "ಪರೀಕ್ಷೆಯ ಕೆಲಸ, ಬರಲಾಗುತ್ತಿಲ್ಲ. ಇದನ್ನೇ ಬಂದು ಮಾತಾಡಿಸಿದಂತೆ ತಿಳಿ."