ನೀರಿನ ಗಂಡಾಂತರ ಹೇಳಿದ ಕವಡೆ

ಕವಡೆ ಎಂಬುದು ಸಮುದ್ರದ ಒಂದು ಪುಟ್ಟ ಬಸವನಹುಳು. ಹುಟ್ಟುವುದೂ ನೀರಿನಲ್ಲಿ, ಬದುಕುವುದೂ ನೀರಿನಲ್ಲಿ. ಅದರ ಚಿಪ್ಪನ್ನು ಮಣೆಯ ಮೇಲೆ ಎಣಿಸಿ, ನನಗೆ ನೀರಿನಿಂದ ಗಂಡಾಂತರವಿದೆ ಎಂದರೆ ಒಪ್ಪಬೇಕೇ? ನಾನು ಒಪ್ಪಲಿಲ್ಲ. ಇವತ್ತಿಗೂ ಒಪ್ಪುವುದಿಲ್ಲ.

ಕಳೆದ ರಜೆಯಲ್ಲಿ ಊರಿಗೆ ಹೋಗಿದ್ದಾಗ ಅಮ್ಮ ಜೋಯಿಸರಲ್ಲಿ ಕವಡೆ ಪ್ರಶ್ನೆ ಇಡಿಸಿದಳು. ಕೇಳಿದ್ದು ನನ್ನ ಮದುವೆಯ ಬಗ್ಗೆ, ಬಂದದ್ದು ನೀರಿನ ಗಂಡಾಂತರ. ಇನ್ನೊಮ್ಮೆ ಇಡಿ, ಅದೇ ಉತ್ತರ ಬರುತ್ತದೋ ನೋಡುವ ಎಂದೆ. ಜೋಯಿಸರಿಗೆ ಸಿಟ್ಟು ಬರಲಿಲ್ಲ.

"ಒಂದು ಪ್ರಶ್ನೆ ಒಂದೇ ಸಲ, ಮಗಳೇ. ಎರಡನೇ ಸಲ ಕೇಳಿದ್ರೆ ಅದು ಪರೀಕ್ಷೆ ಆಗ್ತದೆ."

ಪರೀಕ್ಷೆಗೆ ನಿಲ್ಲದ ಮಾತನ್ನು ಶಾಲೆಯ ಚರ್ಚಾಕೂಟದಲ್ಲಿ ನಾವು ವಾದವೆಂದೇ ಲೆಕ್ಕಕ್ಕೆ ಹಿಡಿಯುತ್ತಿರಲಿಲ್ಲ. ಆದರೆ ಅಮ್ಮ ಕೈಮುಗಿದು ಎದ್ದಿದ್ದಳು.

ನಾವು ಮೂವರೂ ಮಸ್ಕತ್ತಿಗೆ ಮರಳಿದ ಮೇಲೆ ಅದು ಬರಿಯ ಮಾತಾಗಿ ಉಳಿಯಲಿಲ್ಲ. ಅಲ್ಲಿನ ಅಜೈಬಾದ ಪರಿಸರ ಸಮೀಕ್ಷೆಯ ಕಚೇರಿಯೊಂದರಲ್ಲಿ ನನಗೆ ಕೆಲಸ. ಹವಳದ ದಿಬ್ಬಗಳನ್ನು ನೋಡುವ ತಂಡಕ್ಕೆ ಸೇರಬೇಕಾದರೆ ಡೈವಿಂಗ್ ಕಲಿತಿರಬೇಕು. ಇಲ್ಲದಿದ್ದರೆ ಬೇರೆಯವರು ಕಂಡದ್ದನ್ನು ಕಂಪ್ಯೂಟರಿಗೆ ತುಂಬಿಸುತ್ತ ಕೂರಬೇಕು. ಮ್ಯಾನೇಜರ್ ನನ್ನ ಹೆಸರು ಹಾಕಿದರು. ಮನೆಯಲ್ಲಿ ಬೇಡವೆಂದರು.

ಊಟದ ಮೇಜಿನಲ್ಲಿ ವಾದಕ್ಕಿಳಿದೆ. ನಮ್ಮ ಗುಬ್ರಾದ ಮನೆಯ ನಲ್ಲಿಯಲ್ಲಿ ಬರುವುದೇ ಉಪ್ಪು ತೆಗೆದ ಸಮುದ್ರ. ಹಾಗಾದರೆ ನಾಳೆಯಿಂದ ಚಾ ಕುಡಿಯುವುದನ್ನೂ ಬಿಡಲೇ ಎಂದು ಕೇಳಿದೆ. ಯಾವ ನೀರು, ಎಷ್ಟು ಆಳ, ಯಾವ ವಯಸ್ಸು ಎಂದು ಹೇಳದ ಭವಿಷ್ಯ ಯಾವತ್ತಾದರೂ ಸುಳ್ಳಾಗಲು ಸಾಧ್ಯವೇ ಎಂದೆ. ಅಪ್ಪ ಮೊಸರನ್ನ ಮುಗಿಸುವವರೆಗೆ ತಾಳ್ಮೆಯಿಂದ ಕೇಳಿದರು.

"ವಾದದಲ್ಲಿ ನೀನೇ ಗೆದ್ದದ್ದು. ಆದ್ರೆ ನೀರಿಗೆ ಇಳಿಲಿಕ್ಕಿಲ್ಲ. ಖಲಾಸ್."

ಗೆದ್ದವಳು ಸೋತವರ ಮಾತು ಕೇಳಬೇಕೆಂಬ ನಿಯಮ ಎಲ್ಲೂ ಇಲ್ಲ. ಶುಕ್ರವಾರ ಬೆಳಿಗ್ಗೆ ಡೈವಿಂಗಿನ ಮೊದಲ ಪಾಠಕ್ಕೆಂದು ಕಾರಿನ ಕೀಲಿ ಎತ್ತಿಕೊಂಡೆ. ಕೆಳಗೆ ಬಂದರೆ ಅಮ್ಮ ಕಾರಿನ ಪಕ್ಕದಲ್ಲಿ ಫ್ಲಾಸ್ಕ್ ಹಿಡಿದು ನಿಂತಿದ್ದಾಳೆ. ನನ್ನನ್ನು ತಡೆಯಲು ಬಂದದ್ದಾ ಎಂದು ಕೇಳಿದೆ.

"ತಡೆದ್ರೆ ನೀನು ನಿಲ್ಲುವವಳಾ ಮಾರಾಯ್ತಿ? ಆಗುದಾದ್ರೆ ನನ್ನ ಕಣ್ಣೆದುರೇ ಆಗ್ಲಿ."

ಪಕ್ಕದ ಬಾಗಿಲು ತೆರೆದು ಅವಳನ್ನು ಕೂರಿಸಿಕೊಂಡೆ. ಸಮುದ್ರದ ದಂಡೆಯವರೆಗೆ ಗಾಡಿ ಓಡಿಸಿದೆ. ನೀರಿಗೆ ಇಳಿದೆ.

ಮನೆಯ ಛಾವಣಿಯ ಎತ್ತರದಷ್ಟೂ ಆಳವಿರಲಿಲ್ಲ. ಬಂಡೆಯ ಅಂಚಿನ ಕೆಳಗೆ ತರಬೇತುದಾರ ಬೆರಳು ತೋರಿಸಿದಲ್ಲಿ ಒಂದು ಕವಡೆ ಅಂಟಿಕೊಂಡಿತ್ತು. ಜೀವಂತ ಕವಡೆಯನ್ನು ನಾನು ಅಲ್ಲಿಯವರೆಗೆ ಕಂಡಿರಲಿಲ್ಲ. ತೆಳುವಾದ, ಸಣ್ಣ ಕುಚ್ಚುಗಳ ಮೈಪರೆಯೊಂದು ಎರಡೂ ಬದಿಯಿಂದ ಮೇಲೇರಿ ಚಿಪ್ಪನ್ನು ಮುಚ್ಚಿತ್ತು. ಬೆರಳು ಹತ್ತಿರ ಬಂದದ್ದೇ ಪರೆ ಒಳಗೆ ಸರಿಯಿತು. ಹೊಳೆಯುವ ಬೆನ್ನು, ಅದರ ಮೇಲೊಂದು ಹಳದಿ ಉಂಗುರ ಕಂಡವು. ಆ ಹೊಳಪನ್ನು ಕಾಯುವುದು ಆ ಪರೆಯೇ. ಸತ್ತು ದಡದಲ್ಲಿ ಉರುಳಾಡಿದ ಚಿಪ್ಪು ಮಂಕಾಗುತ್ತದೆ. ಮಣೆಯ ಮೇಲೆ ಫಳಫಳ ಹೊಳೆಯುವ ಕವಡೆಗಳು, ಹಾಗಾದರೆ, ಹೆಚ್ಚಿನವು ಜೀವಂತವಾಗಿ ಹಿಡಿದವು. ಅವುಗಳಿಗೆ ಗಂಡಾಂತರ ಬಂದದ್ದು ನೀರಿನಿಂದಲ್ಲ, ದಡದಿಂದ. ತಮ್ಮದನ್ನೇ ತಿಳಿಯದವು ನನ್ನದನ್ನು ಹೇಳಿದವಂತೆ!

ಮೇಲೆ ಬಂದಾಗ ಅಮ್ಮ ಮೊಣಕಾಲಿನವರೆಗೆ ನೀರಿನಲ್ಲಿದ್ದಳು, ಚೂಡಿದಾರ ಒದ್ದೆಯಾದದ್ದೂ ಗೊತ್ತಿಲ್ಲದೆ. ನನ್ನ ತಲೆ, ಭುಜ ಮುಟ್ಟಿ ನೋಡಿದಳು. ಆಮೇಲೆ ಉಸಿರುಬಿಟ್ಟು ತೀರ್ಪು ಕೊಟ್ಟಳು.

"ಜೋಯಿಸರು ಮೊದಲೇ ಹೇಳಿದ್ರಿಂದ ನೀನು ಜಾಗ್ರತೆ ಮಾಡಿದ್ದು. ಹಾಗೆ ಉಳಿದೆ."

ನಾನು ಮುಳುಗಿದ್ದರೂ ಅವರದೇ ಗೆಲುವು, ಎದ್ದು ಬಂದರೂ ಅವರದೇ. ಇದನ್ನು ಮುರಿಯಲು ನನ್ನಲ್ಲಿ ನಾಲ್ಕು ವಾದಗಳಿದ್ದವು. ಬಾಯಿಯಲ್ಲಿ ಉಪ್ಪುನೀರು ಇನ್ನೂ ಇತ್ತು. ನಾಲ್ಕನ್ನೂ ಬದಿಗಿಟ್ಟು ಅವಳ ಕೈ ಹಿಡಿದು ದಡಕ್ಕೆ ನಡೆಸಿದೆ. ಹಾಗೆಂದು ಬಿಟ್ಟುಕೊಡಲೂ ಇಲ್ಲ.

"ಮುಂದಿನ ಶುಕ್ರವಾರ ಇದಕ್ಕಿಂತ ಆಳ, ಅಮ್ಮಾ," ಎಂದೆ.