ಅತ್ತೆಯ ಹೆಬ್ಬೆಟ್ಟಿನ ಬಿಸ್ಕೀಟು

ನಮ್ಮತ್ತೆ ಓವನ್ನಿನ ಮುಂದೆ ಮಣೆ ಹಾಕಿಕೊಂಡು ಕೂತು, ಗಾಜಿನ ಬಾಗಿಲೊಳಗೆ ಹಣಿಕಿ ನೋಡುತ್ತ ಬಯ್ಯುತ್ತಿದ್ದರು. ಬಯ್ಯುತ್ತಿದ್ದದ್ದು ಬಿಸ್ಕೀಟುಗಳಿಗೆ. “ಏ ಇವನ, ನೀ ಯಾಕ ಹಂಗ ಉಬ್ಬಾಕತ್ತಿ? ಬಾಜೂದಂವನ್ನ ನೋಡು, ಎಷ್ಟ ಶಾಣ್ಯಾ ಅದಾನ,” ಅನ್ನುವರು. ಸಾಲು ಹಿಡಿದು ಕೂತ ಬಿಸ್ಕೀಟುಗಳು ತಮ್ಮ ಮಾತು ಕೇಳುತ್ತವೆ ಎಂಬುದರಲ್ಲಿ ಅವರಿಗೆ ಸಂಶಯವೇ ಇರಲಿಲ್ಲ. ಓವನ್ನು ನೆಲದ ಮೇಲಿತ್ತು. ನಿಂತು ಅಡಿಗೆ ಮಾಡುವುದು ಅವರಿಗೆ ಯಾವತ್ತೂ ಒಗ್ಗಲಿಲ್ಲ. ಗ್ಯಾಸಿನ ಕಟ್ಟೆ ನನ್ನದು, ನೆಲ ಅವರದು. ಹಿಂದವಾಡಿಯ ನಮ್ಮ ಓಣಿಯಲ್ಲಿ ಓವನ್ನನ್ನು ನೆಲದ ಮೇಲೆ ಇಟ್ಟುಕೊಂಡ ಮನೆ ನಮ್ಮದೊಂದೇ. ನೋಡಿದವರು ನಗುತ್ತಿದ್ದರು, ನಕ್ಕೊಳ್ಳಲಿ.

ಅದನ್ನು ತಂದವರು ನಮ್ಮನೆಯವರು, ಅವರ ಒಬ್ಬನೇ ಮಗ ಬಸವರಾಜ. ಯಾವುದೋ ಹೆಂಗಸು ಹಿಟ್ಟಿನ ಉಂಡೆ ಮಾಡಿ, ನಡುವೆ ಚಮಚೆಯ ಹಿಂಬದಿಯಿಂದ ಕುಣಿ ಮಾಡಿ, ಅದರಲ್ಲಿ ಜಾಮು ತುಂಬಿ ಬೇಯಿಸುವುದನ್ನು ಅವ್ವನಿಗೆ ಮೊಬೈಲಿನಲ್ಲಿ ತೋರಿಸಿದ್ದರು. ಅತ್ತೆ ಪೂರ್ತಿ ನೋಡಿ, “ಚಮಚೆ ಯಾಕ? ಆಕಿಗೆ ಹೆಬ್ಬೆಟ್ಟಿಲ್ಲೇನು?” ಅಂದರು. ಅಲ್ಲಿಂದ ಮುಂದೆ ನಮ್ಮ ಮನೆಯಲ್ಲಿ ಅದು ಹೆಬ್ಬೆಟ್ಟಿನ ಬಿಸ್ಕೀಟು. ಮೈದಾ, ಬೆಣ್ಣೆ, ಪುಡಿ ಸಕ್ಕರೆ, ಚೂರು ಉಪ್ಪು. ತತ್ತಿಯ ಹೆಸರು ತೆಗೆಯುವ ಹಾಗಿಲ್ಲ. ಕಾವಿಗೆ ಕುಣಿ ಮೇಲೆದ್ದು ಮುಚ್ಚಿಕೊಳ್ಳುತ್ತದೆ. ಹೀಗಾಗಿ ಅರ್ಧ ಬೆಂದಾಗ ಹೊರಗೆ ತೆಗೆದು ಇನ್ನೊಮ್ಮೆ ಒತ್ತಿ, ಆಮೇಲೆ ಜಾಮು ಹಾಕಬೇಕು. ನಾನಾದರೆ ಚಮಚೆ ಹುಡುಕುತ್ತಿದ್ದೆ. ಅವರು ಸುಡುವ ಬಿಸ್ಕೀಟಿನ ಮೇಲೆ ಬರಿಯ ಹೆಬ್ಬೆಟ್ಟು ಊರುತ್ತಿದ್ದರು. “ಸುಡೂದಿಲ್ಲೇನ್ರೀ?” ಅಂದರೆ, “ರೊಟ್ಟಿ ಬಡದ ಕೈಗೆ ಏನ ಸುಡತೈತಿ? ಅದು ಎಂದೋ ಸತ್ತಹೋಗೇತಿ,” ಅನ್ನುವರು.

ಅವರ ತವರು ಖಾನಾಪುರದಾಚೆ ಕಾಡಿನ ಅಂಚಿನ ಹಳ್ಳಿ. ಮನೆಯೊಳಗೆ ಕನ್ನಡ, ಅಂಗಳ ದಾಟಿದರೆ ಮರಾಠಿ. ಪೇಟೆಯಲ್ಲಿ ಚೌಕಾಸಿಯನ್ನು ಮರಾಠಿಯಲ್ಲಿ ಶುರು ಮಾಡುವರು, ಸಿಟ್ಟು ಬಂತೆಂದರೆ ಕನ್ನಡಕ್ಕೆ ಬರುವರು. ಅಂಗಡಿಯ ಕೆಂಪು ಜಾಮನ್ನು ಅವರು ಜಾಮು ಅನ್ನುತ್ತಲೇ ಇರಲಿಲ್ಲ, “ಬಣ್ಣಾ ಹಾಕಿದ ಸಕ್ಕರಿ” ಅನ್ನುವರು. ಅವರಿಗೆ ಬೇಕಾದದ್ದು ಕವಳಿ ಹಣ್ಣು. ಬೇಸಿಗೆಯಲ್ಲಿ ಖಾನಾಪುರದ ಕಡೆಯ ಹೆಂಗಸರು ಬುಟ್ಟಿಯಲ್ಲಿ ಹೊತ್ತು ತರುತ್ತಾರಲ್ಲ, ಕರ್ರಗಿನ, ತುಟಿಗೆ ಅಂಟುವ ಹುಳಿಹಣ್ಣು, ಅದು. ಅದನ್ನು ಕುದಿಸಿ, ಜರಡಿಯ ಮೇಲೆ ತಿಕ್ಕಿ ಬೀಜ ತೆಗೆದು, ಸಕ್ಕರೆ ಹಾಕಿ ಮತ್ತೆ ಕುದಿಸಿ ಬಾಟ್ಲಿಗೆ ತುಂಬುವರು. ದೀಪಾವಳಿಯ ತನಕ ಮುಚ್ಚಳ ಮುಟ್ಟಬಾರದು. ಒಂದು ವರ್ಷದ ಜಾಮಿನ ಹಾಗೆ ಇನ್ನೊಂದು ವರ್ಷದ್ದು ಇರುತ್ತಿರಲಿಲ್ಲ. ಯಾಕೆ ಅಂದರೆ, “ಗಿಡಾ ಬ್ಯಾರೆ, ಮಳಿ ಬ್ಯಾರೆ, ರುಚಿ ಒಂದ ಹ್ಯಾಂಗ ಇರತೈತಿ?” ಅಂತ ನನಗೇ ತಿರುಗಿ ಕೇಳುವರು.

ಅವರ ಬಾಯಿ ಬಿಸಿ, ಕೈ ದೊಡ್ಡದು. ನಮಗೆ ಮಕ್ಕಳಾಗಲಿಲ್ಲ. ಓಣಿಯ ಹಿರಿಯ ಹೆಂಗಸೊಬ್ಬರು ಒಮ್ಮೆ ನನ್ನ ಎದುರೇ, “ಸೊಸಿಗೆ ಇನ್ನೂ ಏನೂ ಇಲ್ಲೇನ್ರೀ?” ಅಂತ ತೆಗೆದರು. ಅತ್ತೆ ಕಸಬರಿಗೆ ಕೆಳಗಿಡದೆ, “ನಾವು ಮೂರು ಮಂದಿ ಅದೀವಿ, ಸಾಕಾಗೇತಿ. ನಿಮ್ಮ ಮನ್ಯಾಗ ಜಾಗಾ ಇದ್ರ ನೀವ ಒಂದು ಹಡೀರಿ,” ಅಂದರು. ಆಯಮ್ಮನಿಗೆ ಅರವತ್ತು ದಾಟಿತ್ತು. ಆಮೇಲೆ ಆ ಮಾತನ್ನು ನಮ್ಮ ಕಟ್ಟೆಯ ಮೇಲೆ ಯಾರೂ ಎತ್ತಲಿಲ್ಲ. ಆದರೆ ಮರುದಿನವೇ ಅದೇ ಮನೆಗೆ ಡಬ್ಬಿ ತುಂಬ ಉಂಡಿ ಹೋಯಿತು. ಓಣಿಯಲ್ಲಿ ಡಬ್ಬಿಗಳು ಹೀಗೆ ತಿರುಗುತ್ತಲೇ ಇರುತ್ತವೆ, ಮತ್ತು ಬಂದ ಡಬ್ಬಿಯನ್ನು ಖಾಲಿ ಕಳಿಸುವುದೆಂದರೆ ಅತ್ತೆಗೆ ಮಾನ ಹೋದ ಹಾಗೆ.

ಒಂದು ವರ್ಷ ಬೇಸಿಗೆಯಲ್ಲಿ ಬಸವರಾಜ ತಾವೇ ಖಾನಾಪುರಕ್ಕೆ ಹೋಗಿ ಚೀಲ ತುಂಬ ಕವಳಿ ಹಣ್ಣು ತಂದರು. ನಾನು ಆಫೀಸಿನಿಂದ ಬರುವಷ್ಟರಲ್ಲಿ ಜಾಮು ಬಾಟ್ಲಿ ಸೇರಿ ಕೂತಿತ್ತು. ಅದೇ ವರ್ಷ ಆಷಾಢದಲ್ಲಿ ಒಂದು ಮುಂಜಾನೆ ಚಹಾ ಕುಡಿಯುತ್ತ ಕೂತ ಬಸವರಾಜ ಕೂತಲ್ಲೇ ಹೋದರು. ಡಾಕ್ಟರು ಹೃದಯ ಅಂದರು. ನಾನು ಹೂಂ ಅಂದೆ. ಅಷ್ಟೇ. ನಾನು ಅಳಲಿಲ್ಲ, ಅತ್ತೆಯೂ ಅಳಲಿಲ್ಲ. “ಅತ್ತಬಿಡವ್ವಾ, ಎದಿ ಹಗರ ಆಗತೈತಿ” ಅಂತ ಬಂದವರೆಲ್ಲ ಹೇಳಿದರು. ಹೇಳಿದ ಕೂಡಲೇ ಅಳಲಿಕ್ಕೆ ಅದೇನು ನಲ್ಲಿಯೇ? ನಾನು ರಜೆ ಮುಗಿಸಿ ಆಫೀಸಿಗೆ ಹೋದೆ, ಬಂದೆ. ಅತ್ತೆ ಎರಡು ರೊಟ್ಟಿ ಬಡಿದರು, ಮುಚ್ಚಿಟ್ಟರು. ಮನೆಯಲ್ಲಿ ಮಾತು ನಿಂತುಹೋಯಿತು. ಸಿಟ್ಟಿಲ್ಲ, ದುಃಖವಿದೆಯೋ ಇಲ್ಲವೋ ಅದೂ ಗೊತ್ತಾಗುತ್ತಿರಲಿಲ್ಲ. ಬಿಸಿನೀರು, ತಣ್ಣೀರು ಎಲ್ಲ ಒಂದೇ ಅನಿಸುತ್ತಿತ್ತು.

ದೀಪಾವಳಿ ಬಂತು. ಸಾವಾದ ಮನೆಯಲ್ಲಿ ಮೊದಲ ವರ್ಷ ಹಬ್ಬದ ಫರಾಳ, ಅಂದರೆ ಚಕ್ಕುಲಿ-ಉಂಡಿಯಂಥ ತಿಂಡಿ, ಮಾಡುವುದಿಲ್ಲ, ಒಲೆಯ ಮೇಲೆ ಎಣ್ಣೆಯ ಬಾಣಲೆ ಇಡುವುದಿಲ್ಲ. ಲಿಂಗ ಕಟ್ಟಿದವರಿಗೆ ಸೂತಕವೇ ಇಲ್ಲ ಅಂತ ನಮ್ಮ ಸ್ವಾಮಿಗಳು ಪ್ರವಚನದಲ್ಲಿ ಹೇಳುತ್ತಾರೆ. ಓಣಿಯ ಹೆಂಗಸರು ತಲೆದೂಗಿ ಕೇಳಿ, ಮನೆಗೆ ಬಂದು ಮತ್ತೆ ಅದೇ ಸೂತಕ ಹಿಡಿಯುತ್ತಾರೆ. ಆದರೆ ಅವರೇ ತಮ್ಮ ತಮ್ಮ ಮನೆಯಿಂದ ಡಬ್ಬಿ ತುಂಬಿ ತಂದೂ ಕೊಡುತ್ತಾರೆ, ಅದನ್ನೂ ಹೇಳಬೇಕು. ಎದುರು ಮನೆಯ ವಂದನಾ, ನನಗೆ ವೈನಿ, ಅಂದರೆ ಅತ್ತಿಗೆಯ ಲೆಕ್ಕ, ಮೊದಲು ಬಂದರು, ಚಕ್ಕುಲಿ, ಚೂಡಾ, ಬೇಸನ್ ಉಂಡಿ ತಂದರು. ಹೊತ್ತು ಏರುವಷ್ಟರಲ್ಲಿ ಅಡಿಗೆಮನೆಯ ಕಟ್ಟೆಯ ತುಂಬ ಮಂದಿಯ ಡಬ್ಬಿಗಳು.

ಅತ್ತೆ ಅವನ್ನೇ ನೋಡುತ್ತ ಕೂತರು. ಒಂದರ ಮುಚ್ಚಳ ತಟ್ಟಿ, “ಇವನ್ನ ಖಾಲಿ ಕೊಡೂದೇನು?” ಅಂದರು.

“ಈ ವರ್ಷ ಮಾಡಬಾರದಲ್ರೀ. ಮಂದಿಗೆ ಗೊತ್ತೈತಿ, ಯಾರೂ ಏನೂ ಅನ್ನೂದಿಲ್ಲ.”

“ಬಾಣಲಿ ಇಡಬಾರದು ಅಂದಾರ,” ಅತ್ತೆ ಓವನ್ನಿನ ಕಡೆ ಕೈ ಮಾಡಿದರು. “ಈ ಪೆಟಿಗ್ಯಾಗ ಎಣ್ಣಿ ಎಲ್ಲೈತಿ? ಪೆಟಿಗಿ ಬಗ್ಗೆ ಯಾರರ ಏನರ ಹೇಳ್ಯಾರೇನು?”

ಹಿಟ್ಟು ಕಲಸಿಯೇಬಿಟ್ಟರು. ನಾನು ಉಂಡೆ ಕಟ್ಟುತ್ತ ಕೂತೆ. ಅವರು ಕಪಾಟಿಗೆ ಕೈಹಾಕಿ ಕವಳಿ ಜಾಮಿನ ಬಾಟ್ಲಿ ತೆಗೆದಾಗ ಮಾತ್ರ ನನಗೆ ಏನೋ ಆಯಿತು. ಅಷ್ಟು ತಿಂಗಳಲ್ಲಿ ಮೊದಲ ಸಲ ಮೈ ಬಿಸಿಯಾಯಿತು. ಸಿಟ್ಟು ಬಂದಿತ್ತು.

“ಅದನ್ನ ತಗೀಬ್ಯಾಡ್ರಿ. ಅವರು ತಂದದ್ದು ಅದ. ಅದೊಂದ ಉಳದೈತಿ.”

“ಇಟಗೊಂಡು ಏನ ಮಾಡ್ತಿ? ಬೂಸ್ಟ ಹಿಡೀತೈತಿ.”

“ಹಿಡೀಲಿ. ನನ್ನ ಗಂಡ ತಂದದ್ದನ್ನ ಓಣಿ ಮಂದಿಗೆಲ್ಲಾ ಹಂಚ್ತೀರೇನು?”

ಅತ್ತೆ ಮುಚ್ಚಳದ ಮೇಲೆ ಕೈ ಇಟ್ಟುಕೊಂಡೇ ನನ್ನನ್ನು ನೋಡಿದರು. “ಅಂವಾ ತಿನ್ನಾಕ ತಂದಾನವಾ, ನೋಡಾಕ ತಂದಿಲ್ಲ,” ಅಂದು ತಿರುವಿದರು.

ನಾನು ಉಂಡೆ ಕಟ್ಟಿದೆ, ಅವರು ಒತ್ತಿದರು. ಆ ದಿನ ಬಿಸ್ಕೀಟುಗಳಿಗೆ ಬಯ್ಯಲಿಲ್ಲ. ಜಾಮು ತುಂಬುವಾಗಲೂ ಚಮಚೆಗೆ ಅಂಟಿದ್ದನ್ನು ನೆಕ್ಕಲಿಲ್ಲ, ಬಾಟ್ಲಿಯ ತಳವನ್ನೂ ತಿಕ್ಕಿ ತಿಕ್ಕಿ ತೆಗೆದು, ಖಾಲಿ ಮಾಡಿ ತುಂಬಿದರು. ಡಬ್ಬಿಗಳೆಲ್ಲ ತುಂಬಿ, ಒಂದೊಂದಾಗಿ ಅವರವರ ಮನೆಗೆ ಹೋದವು. ಕೊಂಡುಹೋದವಳು ನಾನೇ. ಸಾವಿನ ಮನೆಯದು ಅಂತ ಯಾರಾದರೂ ಹಿಂದೆ ಸರಿಯುತ್ತಾರೇನೋ ಎಂದು ಅತ್ತೆ ಬಾಗಿಲಲ್ಲಿ ನಿಂತು ಕಾಯುತ್ತಿದ್ದರು. ಯಾರೂ ಸರಿಯಲಿಲ್ಲ. ವಂದನಾ ವೈನಿ ಎರಡೂ ಕೈಯಿಂದ ತಗೊಂಡರು. ಅದನ್ನು ಹೇಳಿದಾಗ ಅತ್ತೆ, “ತಗೊಂಡ್ಲಲಾ?” ಅಂತ ಮತ್ತೆ ಮತ್ತೆ ಕೇಳಿದರು. ಕಡೆಗೆ ಉಳಿದ ನಾಕಾರು ಬಿಸ್ಕೀಟು ಒಂದು ಬಟ್ಟಲಲ್ಲಿ ಕಟ್ಟೆಯ ಮೇಲಿದ್ದವು. “ಇವು ಮನಿಗೆ,” ಅಂದಿದ್ದರು. ನನಗೆ ಕೈ ಮುಂದೆ ಹೋಗಲಿಲ್ಲ. ಸಂಜೆ ನೋಡಿದರೆ ಬಟ್ಟಲು ತೊಳೆದು ಬೋರಲು ಹಾಕಿತ್ತು. ಅತ್ತೆ ತಿಂದರು ಅಂದುಕೊಂಡೆ. ಒಳ್ಳೆಯದಾಯಿತು, ತಾಯಿಯ ಹೊಟ್ಟೆಗಾದರೂ ಹೋಯಿತಲ್ಲ ಅಂತಲೂ ಅಂದುಕೊಂಡೆ. ಅದರ ಮಾತು ಆಮೇಲೆ ಬರಲಿಲ್ಲ, ನಮ್ಮಲ್ಲಿ ಆಗ ಯಾವ ಮಾತೂ ಬರುತ್ತಿರಲಿಲ್ಲ.

ಚಳಿಗಾಲದಲ್ಲಿ ನಾದಿನಿ ಸಾವಿತ್ರಿ ಅವ್ವನನ್ನು ಖಾನಾಪುರದ ತನ್ನ ಮನೆಗೆ ಕರೆದುಕೊಂಡು ಹೋದಳು. ಅಲ್ಲಿ ಕೆಮ್ಮು ಹಿಡಿಯಿತು, ಬಿಡಲೇ ಇಲ್ಲ. ಒಂದು ರವಿವಾರ ಬಸ್ಸು ಹಿಡಿದು ನೋಡಲು ಹೋದೆ. ಹಿತ್ತಲ ಬಾಗಿಲ ಹತ್ತಿರ ಬಿಸಿಲಿಗೆ ಮಲಗಿಸಿದ್ದರು. ಕೈ ಹಿಡಿದುಕೊಂಡರೆ ಬರಿಯ ಎಲುಬು.

“ಬಂದ್ಯಾ? ಕುಂದರು,” ಅಂದರು. ನಾನು ಕೂತ ಮೇಲೆ, “ಅವತ್ತ ಜಾಮ್ ಹೆಂಗಾಗಿತ್ತು? ನೀ ಹೇಳಲೇ ಇಲ್ಲ,” ಅಂದರು.

“ನಾ ಎಲ್ಲಿ ತಿಂದೇನ್ರೀ? ಬಟ್ಟಲದಾಗಿಂದು ನೀವು ತಿಂದ್ರಲ್ಲ?”

“ನಾ ಎಲ್ಲಿ ತಿಂದೆ? ನೀ ನಿನ್ನ ಪಾಲು ತಗೊಂಡಿ ಅಂತ ತಿಳದೆ. ಹೂ ಕೊಡಾಕಿ ಬಂದ್ಲು, ಹಬ್ಬದ ದಿನ ಬರಿಗೈಲೆ ಹ್ಯಾಂಗ ಕಳಸೂದು, ಉಳದದ್ದನ್ನ ಆಕಿ ಉಡ್ಯಾಗ ಹಾಕಿದೆ.”

ಒಳಗೆ ಸಾವಿತ್ರಿ ಕುಕ್ಕರಿನ ಸೀಟಿ ಕೂಗಿಸುತ್ತಿದ್ದಳು.

“ಎಂಥಾ ಹುಚ್ಚರವ್ವಾ ನಾವು,” ಅಂದರು ಅತ್ತೆ. “ನನ್ನ ಬಸು ತಂದದ್ದು ಬಸೂನ ಮನ್ಯಾಗ ಒಬ್ಬರೂ ತಿನ್ನಲಿಲ್ಲಲಾ.” ಅಷ್ಟು ಅಂದು ಮುಖದ ಮೇಲೆ ಸೆರಗು ಎಳೆದುಕೊಂಡು ಅತ್ತರು. ಮಗ ಹೋದ ಮೇಲೆ ಅವರು ಅತ್ತದ್ದು ಅದೇ ಮೊದಲು. ಕೆಮ್ಮುತ್ತ ಅತ್ತರು. ನಾನು ಬೆನ್ನು ಸವರುತ್ತ ಕೂತೆ, ನನ್ನ ಕಣ್ಣು ಒಣಗಿಯೇ ಇದ್ದವು. ಬಸ್ಸಿನ ಹೊತ್ತಾಯಿತು ಅಂತ ಎದ್ದಾಗ ಸೆರಗು ಸರಿಸಿ, “ಆ ವಂದನಾಗ ಕೇಳು. ಹೆಂಗಿತ್ತು ಅಂತ ಕೇಳಿ ನನಗ ಬಂದು ಹೇಳು,” ಅಂದರು. ಹೂಂ ಅಂದೆ.

ಕೇಳುವ ಮೊದಲೇ ಸಾವಿತ್ರಿಯ ಫೋನು ಬಂತು, ಅವ್ವ ಹೋದಳು ಅಂತ. ಖಾನಾಪುರದಲ್ಲೇ ಎಲ್ಲ ಮುಗಿಸಿ ಹಿಂದವಾಡಿಗೆ ಬಂದೆ. ಆಗಲೂ ಅಳಲಿಲ್ಲ.

ಬಂದ ಮಾರನೆಯ ದಿನ ಬಾಜೂ ಮನೆಯ ಅಜ್ಜಿ ಕಟ್ಟೆಯ ಮೇಲಿದ್ದರು. ದೀಪಾವಳಿಯ ಬಿಸ್ಕೀಟು ಹೇಗಿದ್ದವು ಅಂತ ಕೇಳಿದೆ. “ನನಗ ಸಕ್ಕರಿ ಬ್ಯಾನಿ ಅಲ್ಲೇನವಾ? ಮೊಮ್ಮಕ್ಕಳು ತಿಂದ್ರು,” ಅಂದರು. ಮೊಮ್ಮಕ್ಕಳು ಯಾವಾಗಲೋ ತಮ್ಮ ಊರಿಗೆ ಹೋಗಿದ್ದರು. ವಂದನಾ ವೈನಿ ತಮ್ಮ ಗೇಟಿನ ಮುಂದೆ ರಂಗೋಲಿ ಹಾಕುತ್ತಿದ್ದರು. ಓಣಿ ದಾಟಿ ಹೋಗಿ ಅವರಿಗೂ ಕೇಳಿದೆ.

“ಹೆಬ್ಬೆಟ್ಟಿನ ಬಿಸ್ಕೀಟಾ?” ವೈನಿ ನಕ್ಕರು. “ಅಯ್ಯ, ನನಗೆಲ್ಲಿ ಸಿಕ್ಕುವ್ರೀ! ಡಬ್ಬಿ ತಗಿಯೂದರಾಗ ನಮ್ಮ ಹುಡುಗರು, ಅವರಪ್ಪಾ ಸೇರಿ ಖಾಲಿ ಮಾಡಿದ್ರು. ನನಗೊಂದು ಇಡ್ರೋ ಅಂದೆ, ಯಾರ ಕೇಳ್ತಾರ?” ಆಮೇಲೆ ನನ್ನ ಮುಖ ನೋಡಿ ನಗು ನಿಲ್ಲಿಸಿದರು. “ಯಾಕ್ರೀ?”

ಹೇಳಲು ಬಾಯಿ ತೆಗೆದೆ. ಅಳು ಬಂತು. ಗಂಡ ಹೋದಾಗ ಬಾರದ್ದು, ಅತ್ತೆ ಹೋದಾಗ ಬಾರದ್ದು, ಓಣಿಯ ನಡುವೆ, ಹಾಡುಹಗಲೇ, ಮಂದಿ ನೋಡುತ್ತಿರುವಾಗ ಬಂತು. ವೈನಿ ರಂಗೋಲಿಯ ಕೈಯಿಂದಲೇ ನನ್ನನ್ನು ಹಿಡಿದುಕೊಂಡು, “ಏನಾತ್ರೀ, ಏನಾತ್ರೀ,” ಅನ್ನುತ್ತಿದ್ದರು. ಒಂದು ಬಿಸ್ಕೀಟಿಗೆ ಅಳುತ್ತಿದ್ದೇನೆ ಅಂತ ಅವರಿಗೆ ಹೇಗೆ ಹೇಳಲಿ?